'ನೇಚರಿಸಂ', 'ಬಾಡಿ ಆಕ್ಸೆಪ್ಟೆನ್ಸ್': ಕನ್ನಡದಲ್ಲಿ ಏನನ್ನೋಣ?

ಎಲ್ಲರಿಗೂ ನಮಸ್ಕಾರ.

ಮನಶ್ಶಾಸ್ತ್ರದ ಬರಹವೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ಎರಡು ಪದಗಳ ಹತ್ತಿರ ಸಿಕ್ಕಿಹಾಕಿಕೊಂಡಿದ್ದೇನೆ: 'ನೇಚರಿಸಂ', ಅಂದರೆ ಬಟ್ಟೆಯಿಲ್ಲದೆ ಒಟ್ಟಿಗೆ ಸಹಜವಾಗಿ ಬೆರೆಯುವ ರೂಢಿ; 'ಬಾಡಿ ಆಕ್ಸೆಪ್ಟೆನ್ಸ್', ಅಂದರೆ ತನ್ನ ಮೈಯನ್ನು ಇದ್ದ ಹಾಗೇ ಒಪ್ಪಿಕೊಳ್ಳುವುದು.

ವಿಷಯ ಇಷ್ಟು. ಲಂಡನ್ನಿನ ಗೋಲ್ಡ್‌ಸ್ಮಿತ್ಸ್‌ ಕಾಲೇಜಿನಲ್ಲಿದ್ದ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ 51 ಮಂದಿ ವಯಸ್ಕರನ್ನು ಚೀಟಿ ಎತ್ತಿದ ಹಾಗೆ ಎರಡು ಗುಂಪು ಮಾಡಿದರು. ಒಂದು ಗುಂಪಿನವರು ಬಟ್ಟೆಯಿಲ್ಲದೆ ಬೆರೆತರು, ಇನ್ನೊಂದರವರು ಬಟ್ಟೆ ತೊಟ್ಟೇ ಬೆರೆತರು. ಆಮೇಲೆ ಕೇಳಿದಾಗ, ಬಟ್ಟೆಯಿಲ್ಲದವರಿಗೆ ತಮ್ಮ ಮೈ ಬಗ್ಗೆ ಮೆಚ್ಚುಗೆ ಜಾಸ್ತಿಯಾಗಿತ್ತು. 'ನೋಡಿದವರು ಏನಂದುಕೊಳ್ಳುತ್ತಾರೋ' ಅನ್ನುವ ಅಳುಕು ಇಳಿದದ್ದೇ ಅದಕ್ಕೆ ಕಾರಣವಂತೆ. ಗುಂಪು ಚಿಕ್ಕದು, ಅದನ್ನೂ ಬರೆದಿದ್ದೇನೆ.

ಮೊದಲು 'ನೇಚರಿಸಂ'. 'ಪ್ರಕೃತಿವಾದ' ಅಂದರೆ ಓದಿದವರು ಪ್ರಕೃತಿ ಚಿಕಿತ್ಸೆ ಅಂದುಕೊಂಡು ಉಪವಾಸಕ್ಕೆ ಕೂತಾರು! 'ನಗ್ನತಾವಾದ'? ಯಾರ ಜೊತೆ ವಾದ? 'ದಿಗಂಬರ' ಆಗಲೇ ಆಗದು. ಜೈನ ಮುನಿಗಳು ಮೈಮೋಹ ಬಿಟ್ಟವರು, ಇವರು ಮೈಯೊಡನೆ ಗೆಳೆತನ ಬೆಳೆಸಲು ಹೊರಟವರು. 'ಬೆತ್ತಲೆ' ಅಂದಕೂಡಲೇ ನನ್ನ ವಯಸ್ಸಿನವರಿಗೆ 1986ರ ಚಂದ್ರಗುತ್ತಿಯ ಬೆತ್ತಲೆ ಸೇವೆಯ ಗಲಾಟೆ ನೆನಪಾಗುತ್ತದೆ. 'ಬರಿಮೈ' ಹಿಡಿಸಿತ್ತು. ಆದರೆ ಪಂಚೆ ಉಟ್ಟು ಜಗಲಿ ಮೇಲೆ ಕೂತ ಅಜ್ಜನೂ ಬರಿಮೈಯಲ್ಲೇ ಇರುತ್ತಾನೆ, ಅಲ್ವಾ?

ಜರ್ಮನ್ನರು ಜಾಣರು. ಅವರ 'ಫ್ರೈಕೋರ್ಪರ್‌ಕುಲ್ಟೂರ್'ನಲ್ಲಿ ಬೆತ್ತಲೆಯ ಮಾತೇ ಇಲ್ಲ. ಬಿಡುಗಡೆಯಾದ ಮೈ, ಅದರ ಸಂಸ್ಕೃತಿ, ಅಷ್ಟೇ. ಎಸೆನ್ ಊರಿನಲ್ಲಿ 1898ರಲ್ಲೇ ಇದಕ್ಕೊಂದು ಸಂಘ ಹುಟ್ಟಿತ್ತು. ಅದೇ ಜಾಡಿನಲ್ಲಿ 'ಬಿಡುಮೈ' ಅನ್ನಬಹುದೇ? ಬಿಡುಗಣ್ಣು, ಬಿಡುಮುಡಿ ನಮ್ಮಲ್ಲಿ ಇದ್ದೇ ಇವೆ.

ಎರಡನೆಯದು ನಿಜಕ್ಕೂ ಕಷ್ಟ. 'ದೇಹ ಸ್ವೀಕಾರ' ಅಂತ ಬರೆದು ಮನೆಯಲ್ಲಿ ಓದಿದೆ. "ಏನ್ರೀ, ಶವಾಗಾರದ ರಸೀದಿನಾ?" ಅಂದರು. ಹೊಡೆದುಹಾಕಿದೆ.

ಈಗ 'ಮೈಯೊಪ್ಪು' ಅಂತ ಇಟ್ಟಿದ್ದೇನೆ. ಆದರೆ 'ಒಪ್ಪು'ವಿಗೆ ಎರಡು ಮುಖ. 'ಮಾತು ಒಪ್ಪಿದೆ' ಅಂದರೆ ಸಮ್ಮತಿ. 'ಈ ಸೀರೆ ನಿನಗೆ ಒಪ್ಪುತ್ತೆ' ಅಂದರೆ ಚೆಂದ. ಹಾಗಾಗಿ ಓದುವವರಿಗೆ 'ಮೈಯ ಚೆಲುವು' ಅಂತ ಕೇಳಿಸಿದರೆ ಅರ್ಥ ತಿರುಗಾಮುರುಗಾ. ಬರಹ ಹೇಳುವುದು ಬೇರೆ: ಹೊಟ್ಟೆ ಜೋತಿರಲಿ, ಹೆರಿಗೆಯ ಗೆರೆಗಳಿರಲಿ, ಇದು ನನ್ನದೇ ಅಂತ ಸುಮ್ನೆ ಒಪ್ಪಿಕೊಳ್ಳುವುದು. ಚೆಂದದ ಷರತ್ತು ಅದಕ್ಕಿಲ್ಲ. ಒಮ್ಮೊಮ್ಮೆ ಮಾತ್ರ, ಎರಡೂ ಅರ್ಥ ಒಂದೇ ಪದದಲ್ಲಿ ಇರುವುದೇ ಲಾಭ ಅನಿಸುತ್ತದೆ.

ನಿಮ್ಮ ಕಿವಿಗೆ 'ಮೈಯೊಪ್ಪು' ಹೇಗೆ ಕೇಳಿಸುತ್ತದೆ? ಮೊದಲು ಹೊಳೆದ ಅರ್ಥವನ್ನೇ ಬರೆಯಿರಿ, ಯೋಚಿಸಬೇಡಿ.