ಪಿಎಸ್‌ಪಿ 3000ಕ್ಕೆ ಹೋಂಬ್ರೂ ಚೌಕಾಬಾರ: ತಾತ್ಕಾಲಿಕ ಫರ್ಮ್‌ವೇರ್ ಸಾಕಾ, ಪರ್ಮನೆಂಟ್ ಬೇಕಾ?

ಕವಡೆರಾಯ:
ಸೋನಿಯ ಕೈಯಲ್ಲಿ ಹಿಡಿದು ಆಡುವ ಗೇಮ್ ಮಷೀನ್ ಪಿಎಸ್‌ಪಿಗೆ ಒಂದು ಚೌಕಾಬಾರ ಬರೆದಿದ್ದೇನೆ, ಲುವಾ ಅನ್ನುವ ಪ್ರೋಗ್ರಾಮಿಂಗ್ ಭಾಷೆಯಲ್ಲಿ. ಹೋಂಬ್ರೂ, ಅಂದರೆ ಸೋನಿಯ ಸಹಿ ಇಲ್ಲದೆ ಹವ್ಯಾಸಿಗಳು ಬರೆಯುವ ಪ್ರೋಗ್ರಾಂ. ಐದು ಮನೆ ಉದ್ದ, ಐದು ಮನೆ ಅಗಲದ ಮಣೆ, ನಾಲ್ಕು ಕವಡೆ. ನಾಲ್ಕೂ ಅಂಗಾತ ಬಿದ್ದರೆ ಚೌಕ, ನಾಲ್ಕೂ ಕವುಚಿ ಬಿದ್ದರೆ ಬಾರ. ಪಿಎಸ್‌ಪಿಯಲ್ಲಿ ಕನ್ನಡ ಫಾಂಟ್ ಇಲ್ಲ, ಅದಕ್ಕೆ ಬೇಕಾದ ಪದಗಳನ್ನೆಲ್ಲ ಚಿತ್ರ ಮಾಡಿ ಸೇರಿಸಿದ್ದೇನೆ. ಆಡಬೇಕು ಅನ್ನುವವರು ಇಷ್ಟು ಮಾಡಿ. ಸೋನಿಯ ಕೊನೆಯ ಫರ್ಮ್‌ವೇರ್ (ಮಷೀನನ್ನು ನಡೆಸುವ ಮೂಲ ತಂತ್ರಾಂಶ) 6.61 ಇರಲಿ. ಅದರ ಮೇಲೆ ಪ್ರೋ ಅನ್ನುವ ಕಸ್ಟಮ್ ಫರ್ಮ್‌ವೇರ್ ಹಾಕಿ, ಅದು ಸೋನಿ ಸಹಿ ಮಾಡದ ಆಟಗಳನ್ನೂ ಓಡಿಸುತ್ತದೆ. ಅದು ತಾತ್ಕಾಲಿಕ, ಮಷೀನ್ ಪೂರ್ತಿ ಆಫ್ ಆದರೆ ಹೋಗುತ್ತದೆ. ಆಮೇಲೆ ನನ್ನ ಫೋಲ್ಡರನ್ನು ಮೆಮೊರಿ ಸ್ಟಿಕ್‌ನ ಪಿಎಸ್‌ಪಿ ಫೋಲ್ಡರ್ ಒಳಗಿನ ಗೇಮ್ ಫೋಲ್ಡರ್‌ಗೆ ಕಾಪಿ ಮಾಡಿ. ಅಷ್ಟೇ. ಇನ್ಫಿನಿಟಿ ಅನ್ನುವ ಪ್ರೋಗ್ರಾಂ ಹಾಕಿ ಅದನ್ನು ಪರ್ಮನೆಂಟ್ ಮಾಡುವ ಗೋಜಿಗೆ ಹೋಗಬೇಡಿ. ತಾತ್ಕಾಲಿಕದಲ್ಲಿ ಯಾವ ಅಪಾಯವೂ ಇಲ್ಲ, ಮಷೀನಿನ ಒಳಗೆ ಫರ್ಮ್‌ವೇರ್ ಇರುವ ಮೆಮೊರಿ, ಅಂದರೆ ಫ್ಲ್ಯಾಶ್ ಮುಟ್ಟುವುದೇ ಇಲ್ಲ. ಐಎಸ್‌ಒ (ಮಾರುವ ಆಟದ ಡಿಸ್ಕಿನ ನಕಲು ಫೈಲ್) ತುಂಬುವ ಚಟ ಇರುವವರಿಗೆ ಮಾತ್ರ ಪರ್ಮನೆಂಟ್ ಬೇಕು.

ಹಳೇ_ಸಾವಿರ:
"ಫ್ಲ್ಯಾಶ್ ಮುಟ್ಟುವುದೇ ಇಲ್ಲ" ಅಂತ ಯಾರು ಹೇಳಿದರು ನಿಮಗೆ? ಪ್ರೋ ಇನ್‌ಸ್ಟಾಲ್ ಆಗುವಾಗ ಫ್ಲ್ಯಾಶ್‌ನ ಒಂದು ಭಾಗವಾದ ಫ್ಲ್ಯಾಶ್ 0ಗೆ ತನ್ನ ಫೈಲುಗಳನ್ನು ಬರೆಯುತ್ತದೆ. ಬೇಕಿದ್ದರೆ ಅದರ ಇನ್‌ಸ್ಟಾಲರ್ ಓಡುವಾಗ ಪರದೆ ಮೇಲೆ ಬರುವ ಸಾಲುಗಳನ್ನು ಓದಿ. ಹೇಗೂ ಬರೆದೇ ಬರೆಯುತ್ತೀರಿ, ಮತ್ತೆ ಪರ್ಮನೆಂಟ್ ಅಂದರೆ ಯಾಕೆ ಭಯ?

ಕವಡೆರಾಯ:
ಬರೆಯುವುದಕ್ಕೂ ಬದಲಿಸುವುದಕ್ಕೂ ವ್ಯತ್ಯಾಸ ಇದೆ. ಪ್ರೋ ಹೊಸ ಫೈಲುಗಳನ್ನು ಪಕ್ಕದಲ್ಲಿ ಇಡುತ್ತದೆ. ಆಫ್ ಮಾಡಿ ಆನ್ ಮಾಡಿದರೆ ಸೋನಿಯ ಮೂಲ ಫರ್ಮ್‌ವೇರೇ ಏಳುತ್ತದೆ. ಇನ್ಫಿನಿಟಿ ಹಾಗಲ್ಲ, ಅದು ಬೂಟ್ ಆಗುವ ದಾರಿಗೇ ಕೈ ಹಾಕುತ್ತದೆ. ಅಲ್ಲಿ ಎಡವಟ್ಟಾದರೆ 3000 ಸತ್ತ ಹಾಗೆ. ಕೆಟ್ಟ ಮಷೀನನ್ನು ಸರ್ವಿಸ್ ಮೋಡ್‌ನಲ್ಲಿ ಎಬ್ಬಿಸುವ 2007ರ ಪಂಡೋರಾ ಬ್ಯಾಟರಿ ಪಿಎಸ್‌ಪಿಯ 1000 ಮಾದರಿಗೂ ಮೊದಮೊದಲ 2000ಕ್ಕೂ ಜೀವ ಕೊಡುತ್ತಿತ್ತು, 3000ಕ್ಕೆ ಕೊಡಲ್ಲ.

ಹಳೇ_ಸಾವಿರ:
"ಸತ್ತ ಹಾಗೆ" ಅನ್ನೋದು ಹಳೇ ಮಾತು. ಬ್ಯಾರಿಯನ್ ಸ್ವೀಪರ್ ಅನ್ನುವ ಪ್ರೋಗ್ರಾಂ ಬಂದು ವರ್ಷಗಳೇ ಆಯಿತು. ಕಂಪ್ಯೂಟರಿಗೆ ಸೀರಿಯಲ್ ಅಡಾಪ್ಟರ್ ಕಟ್ಟಿ, ಬ್ಯಾಟರಿ ಟರ್ಮಿನಲ್‌ಗೆ ತಂತಿ ಎಳೆದರೆ ಪಿಎಸ್‌ಪಿ ಅದನ್ನು ಸರ್ವಿಸ್ ಬ್ಯಾಟರಿ ಅಂತಲೇ ನಂಬುತ್ತದೆ, 3000 ಕೂಡ ಎದ್ದು ಕೂರುತ್ತದೆ. ಇನ್ನು ಐಎಸ್‌ಒ ಚಟ ಅಂತ ಒಂದು ಮಾತು ಬಿಟ್ಟಿರಿ. ನನ್ನ ಕಾರ್ಡಿನಲ್ಲಿ ಒಂದೇ ಒಂದು ಐಎಸ್‌ಒ ಇಲ್ಲ. ಇರೋದು ಡೂಮ್, ಕ್ವೇಕ್, ಕೇವ್ ಸ್ಟೋರಿ. ಎಲ್ಲ ಹೋಂಬ್ರೂ. ಆದರೂ ಪರ್ಮನೆಂಟ್ ಇಟ್ಟುಕೊಂಡಿದ್ದೇನೆ, ಯಾಕಂದ್ರೆ ನನ್ನ ಬ್ಯಾಟರಿ ಹಳೆಯದು, ಒಮ್ಮೊಮ್ಮೆ ಪೂರ್ತಿ ಆರಿಹೋಗುತ್ತದೆ, ಪ್ರತಿ ಸಲ ಕಸ್ಟಮ್ ಫರ್ಮ್‌ವೇರ್ ವಾಪಸ್ ತರೋಕೆ ರಿಕವರಿ ಓಡಿಸುತ್ತಾ ಕೂರೋಕೆ ಆಗಲ್ಲ.

ನೇರನುಡಿ:
ಡೂಮ್ ಹೋಂಬ್ರೂ ಹೇಗಾಗುತ್ತದೆ? ಅದು ಒಂದು ಕಂಪನಿ ಇವತ್ತಿಗೂ ಮಾರುತ್ತಿರುವ ಆಟ. ಅದನ್ನು ಪಿಎಸ್‌ಪಿಗೆ ಹಾಕಿಕೊಂಡು "ಒಂದೇ ಒಂದು ಐಎಸ್‌ಒ ಇಲ್ಲ" ಅಂದರೆ ಆಯಿತಾ? ಫೈಲಿನ ಹೆಸರು ಬೇರೆ, ಕೆಲಸ ಅದೇ.

ಸುಮಾ_ಸಿಪಿಪಿ:
ಡೂಮ್‌ನ ಸೋರ್ಸ್ ಕೋಡನ್ನು ಐಡಿ ಸಾಫ್ಟ್‌ವೇರ್ 1997ರಲ್ಲೇ ಬಿಡುಗಡೆ ಮಾಡಿತು. 1999ರಲ್ಲಿ ಅದು ಯಾರು ಬೇಕಾದರೂ ಬಳಸಿ, ಬದಲಿಸಿ, ಹಂಚಬಹುದಾದ ಜಿಪಿಎಲ್ ಲೈಸೆನ್ಸಿಗೆ ಬಂತು. ಕ್ವೇಕ್ ಕೋಡ್ ಕೂಡ ಅದೇ ವರ್ಷ ಹೊರಬಂತು. ಪಿಎಸ್‌ಪಿಯ ಡೂಮ್ ಪೋರ್ಟ್, ಅಂದರೆ ಪಿಎಸ್‌ಪಿಗೆ ಹೊಂದಿಸಿದ ರೂಪ, ಆ ಕೋಡಿನ ಮೇಲೆ ನಿಂತಿದೆ. ಇದರಲ್ಲಿ ಕಳ್ಳತನ ಎಲ್ಲಿದೆ ತೋರಿಸಿ.

ನೇರನುಡಿ:
ಕೋಡ್ ಬಿಡುಗಡೆ ಮಾಡಿದರು, ಸರಿ. ವ್ಯಾಡ್ ಫೈಲ್ ಬಿಡುಗಡೆ ಮಾಡಿದರಾ? ಚಿತ್ರ, ಶಬ್ದ, ಮಟ್ಟಗಳು ಎಲ್ಲ ಇರೋದು ಅದರಲ್ಲಿ. ಅದಿಲ್ಲದೆ ನಿಮ್ಮ ಪೋರ್ಟ್ ತೆರೆಯುವುದೂ ಇಲ್ಲ. ಹಳೇ_ಸಾವಿರ ಅವರು ವ್ಯಾಡ್ ಎಲ್ಲಿಂದ ತಂದರು ಅಂತ ಕೇಳಿ ಮೊದಲು.

ಹಳೇ_ಸಾವಿರ:
ನಾನು ಎಲ್ಲಿಂದ ತಂದರೆ ನಿಮಗೇನು? ಮೊದಲ ಎಪಿಸೋಡ್ ಶೇರ್‌ವೇರ್. 1993ರಲ್ಲಿ ಅವರೇ ಹಂಚಿಕೊಳ್ಳಿ ಅಂತ ಕೊಟ್ಟಿದ್ದು. ಪೂರ್ತಿ ಆಟವನ್ನು ಕಂಪ್ಯೂಟರಿಗೆ ದುಡ್ಡು ಕೊಟ್ಟು ತಗೊಂಡಿದ್ದೇನೆ, ಅದೇ ಫೋಲ್ಡರಿನಿಂದ ವ್ಯಾಡ್ ಎತ್ತಿ ಪಿಎಸ್‌ಪಿಗೆ ಹಾಕಿದ್ದೇನೆ. ನನ್ನ ದುಡ್ಡು, ನನ್ನ ಫೈಲ್.

ಸುಮಾ_ಸಿಪಿಪಿ:
ಅಷ್ಟಕ್ಕೂ ವ್ಯಾಡ್ ಬೇಕು ಅಂದರೆ ಫ್ರೀಡೂಮ್ ಇದೆ. ಜನ ಸೇರಿ ಮೊದಲಿನಿಂದ ಮಾಡಿದ ಚಿತ್ರ, ಶಬ್ದ, ಮಟ್ಟಗಳು. ಯಾರ ಹಂಗೂ ಇಲ್ಲ.

ನೇರನುಡಿ:
"ನನ್ನ ದುಡ್ಡು, ನನ್ನ ಫೈಲ್" ಅನ್ನೋ ಮಾತು ಕಾನೂನಿನಲ್ಲಿ ಇಲ್ಲ. ದುಡ್ಡು ಕೊಟ್ಟು ಸಿಗೋದು ಲೈಸೆನ್ಸ್, ಆಟ ಅಲ್ಲ. ಇನ್ನು ಪಿಎಸ್‌ಪಿ ವಿಷಯ. ಸೋನಿ ಸಹಿ ಮಾಡದ ಪ್ರೋಗ್ರಾಂ ಓಡಬಾರದು ಅಂತಲೇ ಅದರಲ್ಲಿ ಬೀಗ ಇದೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಗೆ 2012ರ ತಿದ್ದುಪಡಿಯಲ್ಲಿ 65ಎ ಕಲಂ ಸೇರಿಸಿದರು. ಇಂಥ ಬೀಗ ಮುರಿದರೆ ಎರಡು ವರ್ಷದವರೆಗೆ ಜೈಲು, ಮೇಲೆ ದಂಡ. ಚೌಕಾಬಾರ ಆಡೋಕೆ ಜೈಲಿಗೆ ಹೋಗುವ ದಾರಿ ಹೇಳಿಕೊಡುತ್ತಿದ್ದೀರಿ ಇಲ್ಲಿ.

ದೋಹಾ_ವಿನಯ್:
ಈ ಜಗಳ ಯಾಕೆ? ಪಿಎಸ್‌ಪಿ ಬಿಡಿ, ಅದರ ನಂತರ ಸೋನಿ ತಂದ ವೀಟಾ ತಗೊಳ್ಳಿ. ಅದರ 3.65 ಫರ್ಮ್‌ವೇರ್‌ನಲ್ಲಿ ಎನ್ಸೊ ಅನ್ನುವ ಹ್ಯಾಕ್ ಹಾಕಿದರೆ ಪರ್ಮನೆಂಟ್. ಅಡ್ರಿನಲಿನ್ ಅನ್ನುವ ಪ್ರೋಗ್ರಾಂ ಹಾಕಿದರೆ ಪಿಎಸ್‌ಪಿ 6.61 ಅದರೊಳಗೇ ಇರುತ್ತದೆ, ಪಿಎಸ್‌ಪಿ ಹೋಂಬ್ರೂ ಎಲ್ಲ ಓಡುತ್ತದೆ. ಪರದೆಯೂ ದೊಡ್ಡದು.

ಸುಮಾ_ಸಿಪಿಪಿ:
65ಎ ಅರ್ಧ ಓದಿ ಅರ್ಧ ಬಿಟ್ಟಿದ್ದೀರಿ. "ಹಕ್ಕುಗಳನ್ನು ಉಲ್ಲಂಘಿಸುವ ಉದ್ದೇಶದಿಂದ" ಬೀಗ ಮುರಿದರೆ ಅಪರಾಧ ಅಂತ ಇದೆ ಅಲ್ಲಿ. ಉದ್ದೇಶ ಮುಖ್ಯ. ಅಮೆರಿಕದ ಕೃತಿಸ್ವಾಮ್ಯ ಕಾನೂನಾದ ಡಿಎಂಸಿಎ ಬೀಗ ಮುರಿಯುವುದನ್ನೇ ತಪ್ಪು ಅನ್ನುತ್ತದೆ, ನಮ್ಮದು ಹಾಗಲ್ಲ. ಕವಡೆರಾಯರು ತಾವೇ ಬರೆದ ಆಟವನ್ನು ತಮ್ಮದೇ ಮಷೀನಿನಲ್ಲಿ ಆಡಿದರೆ ಯಾರ ಹಕ್ಕು ಹೋಯಿತು? 52ನೇ ಕಲಂ ಕೂಡ ನೋಡಿ. ಸ್ವತಂತ್ರವಾಗಿ ಬರೆದ ಪ್ರೋಗ್ರಾಂ ಬೇರೆ ಪ್ರೋಗ್ರಾಂ ಜೊತೆ ಹೊಂದಿಕೊಂಡು ಓಡೋಕೆ ಬೇಕಾದ ಮಾಹಿತಿ ಪಡೆಯುವುದಕ್ಕೆ ಅದರಲ್ಲಿ ವಿನಾಯಿತಿ ಇದೆ. ಹೋಂಬ್ರೂ ಅಂದರೆ ಅದೇ ಅಲ್ವಾ?

ನೇರನುಡಿ:
"ಉದ್ದೇಶ ಮುಖ್ಯ" ಅಂದಿರಿ, ಒಳ್ಳೆಯದು. ಅದೇ 65ಎ ಇನ್ನೊಂದು ಮಾತು ಹೇಳುತ್ತದೆ. ಕಾನೂನು ಒಪ್ಪುವ ಉದ್ದೇಶಕ್ಕೇ ಆದರೂ, ಬೇರೆಯವರಿಗೆ ಬೀಗ ತೆಗೆಯಲು ಸಹಾಯ ಮಾಡುವವನು ಅವರ ಹೆಸರು, ವಿಳಾಸ, ಉದ್ದೇಶ ಎಲ್ಲ ದಾಖಲೆ ಇಡಬೇಕು. ಕವಡೆರಾಯರು ಇಡುತ್ತಿದ್ದಾರಾ? ಇಲ್ಲಿ ಓದಿ ಪ್ರೋ ಹಾಕಿಕೊಂಡವರ ಪಟ್ಟಿ ಅವರ ಹತ್ತಿರ ಇದೆಯಾ? ಈ ಪ್ರಶ್ನೆಗೆ ಉತ್ತರ ಕೊಡಿ, ಡೂಮ್ ಇತಿಹಾಸ ಬೇಡ.

ಹಳೇ_ಸಾವಿರ:
ಡೂಮ್ ತೆಗೆದವರು ನೀವು! ನಾನು ಬ್ಯಾಟರಿ ಬಗ್ಗೆ ಮಾತಾಡುತ್ತಿದ್ದೆ. ನನ್ನ ಮೇಲೆ ಕಳ್ಳತನದ ಆರೋಪ ಹೊರಿಸಿ, ದುಡ್ಡು ಕೊಟ್ಟು ತಗೊಂಡಿದ್ದು ಅಂದ ಮೇಲೂ ಒಂದು ಕ್ಷಮೆ ಇಲ್ಲ, ಈಗ ಜೈಲು, ವಿಳಾಸ, ಪಟ್ಟಿ. 2005ರಿಂದ ಈ ಮಷೀನಿನ ಜೊತೆ ಇದ್ದೇನೆ. ಫರ್ಮ್‌ವೇರ್ 1.50ರ ಕಾಲದಲ್ಲಿ ಒಂದು ಆಟಕ್ಕೆ ಎರಡು ಫೋಲ್ಡರ್ ಮಾಡಿ, ಒಂದರ ಹೆಸರಿನ ಕೊನೆಗೆ ಶೇಕಡಾ ಚಿಹ್ನೆ ಹಾಕಿ ಓಡಿಸುತ್ತಿದ್ದೆವು. ಆ ಜನ ಯಾರೂ ಕಳ್ಳರಾಗಿರಲಿಲ್ಲ, ಕೋಡ್ ಬರೆಯಬೇಕು ಅನ್ನುವ ಹಟದವರು. ಅಂಥವರು ಇಲ್ಲದಿದ್ದರೆ ಈ ಮಷೀನುಗಳು ಇಷ್ಟೊತ್ತಿಗೆ ಗುಜರಿಯಲ್ಲಿ ಇರುತ್ತಿದ್ದವು.

ನೇರನುಡಿ:
"ಆ ಜನ ಯಾರೂ ಕಳ್ಳರಾಗಿರಲಿಲ್ಲ" ಅನ್ನೋದು ಸುಳ್ಳು. ನಮ್ಮೂರಲ್ಲಿ ಪಿಎಸ್‌ಪಿ ಮಾರುವಾಗಲೇ ಕಾರ್ಡ್ ತುಂಬಾ ಆಟ ತುಂಬಿಸಿ ಕೊಡುತ್ತಿದ್ದರು. ನಾನೂ ಹಾಗೇ ತಗೊಂಡವನು, ಆಟ ಮಾಡಿದವನಿಗೆ ಅದರಲ್ಲಿ ಒಂದು ಪೈಸೆ ಹೋಗಿಲ್ಲ. ಅಂಗಡಿಯವನು ಅದಕ್ಕೆ ಬಳಸಿದ್ದು ನಿಮ್ಮ ಆ ಹಟದವರು ಬರೆದ ಫರ್ಮ್‌ವೇರೇ. ಒಂದು ಸಣ್ಣ ಸ್ಟುಡಿಯೋ ಆಟಕ್ಕೆ ವರ್ಷಗಟ್ಟಲೆ ದುಡಿದಿರುತ್ತದೆ. ಅದರ ಬಗ್ಗೆ ಯಾರೂ ಇಲ್ಲಿ ಒಂದು ಸಾಲು ಬರೆದಿಲ್ಲ. ಆಟ ಮಾಡುವವರ ಬಗ್ಗೆ ನನಗೆ ಕಾಳಜಿ ಇದೆ, ಅದಕ್ಕೇ ಮಾತಾಡುತ್ತಿದ್ದೇನೆ.

ಸುಮಾ_ಸಿಪಿಪಿ:
ನಾನೂ ಆಟ ಮಾಡುವವಳೇ. ಕಾಲೇಜಿನಲ್ಲಿ ನನಗೆ ಸಿ ಭಾಷೆ ನಿಜವಾಗಿ ಬಂದದ್ದು ಪಿಎಸ್‌ಪಿಯ ಓಪನ್ ಸೋರ್ಸ್ ಎಸ್‌ಡಿಕೆ (ಪ್ರೋಗ್ರಾಂ ಬರೆಯುವ ಸಲಕರಣೆಗಳು) ಇಟ್ಟುಕೊಂಡು ಒದ್ದಾಡಿದಾಗ. ಮೊದಲ ಮಾದರಿಯಲ್ಲಿ 32 ಎಂಬಿ ಮೆಮೊರಿ, 333 ಮೆಗಾಹರ್ಟ್ಸ್, 480ಕ್ಕೆ 272 ಪಿಕ್ಸೆಲ್. 512 ಪಿಕ್ಸೆಲ್‌ಗಿಂತ ಅಗಲದ ಟೆಕ್ಸ್‌ಚರ್ ಹಾಕೋ ಹಾಗಿಲ್ಲ. ಇಷ್ಟರಲ್ಲಿ ಆಟ ಓಡಿಸಬೇಕು ಅಂದರೆ ಒಂದೊಂದು ಬೈಟ್ ಲೆಕ್ಕ ಇಡಬೇಕು. ಸೋನಿಯಿಂದ ಅಧಿಕೃತ ಡೆವಲಪರ್ ಕಿಟ್ ಕೊಳ್ಳುವ ಶಕ್ತಿ ಒಬ್ಬ ವಿದ್ಯಾರ್ಥಿಗೆ ಇತ್ತಾ? ಅಂಗಡಿಯವನು ಮಾಡಿದ ತಪ್ಪಿಗೆ ನನ್ನಂಥವರ ಬಾಗಿಲು ಯಾಕೆ ಮುಚ್ಚಬೇಕು?

ನೇರನುಡಿ:
ಕಲಿಯೋಕೆ ಕಂಪ್ಯೂಟರ್ ಇದೆ. ಅದರಲ್ಲಿ ಪಿಎಸ್‌ಪಿಯ ಹಾಗೆ ನಡೆಯುವ ಎಮ್ಯುಲೇಟರ್‌ನಲ್ಲೇ ಓಡಿಸಬಹುದಿತ್ತು.

ಸುಮಾ_ಸಿಪಿಪಿ:
ಎಮ್ಯುಲೇಟರ್ ತಪ್ಪು ಮುಚ್ಚಿ ಹಾಕುತ್ತದೆ. ಅದರಲ್ಲಿ ಸಲೀಸಾಗಿ ಓಡಿದ ಕೋಡ್ ನಿಜವಾದ ಮಷೀನಿನಲ್ಲಿ ಕ್ಯಾಶ್ ಫ್ಲಶ್ ಮಾಡಲಿಲ್ಲ (ಪ್ರೊಸೆಸರಿನ ತಾತ್ಕಾಲಿಕ ಮೆಮೊರಿಯಲ್ಲಿದ್ದದ್ದನ್ನು ಮುಖ್ಯ ಮೆಮೊರಿಗೆ ಕಳಿಸಲಿಲ್ಲ) ಅಂತ ಪರದೆ ತುಂಬಾ ಕಸ ತೋರಿಸುತ್ತದೆ. ಪಿಎಸ್‌ಪಿಗೆ ಒಂದು ಸಾಲು ಬರೆದವರಿಗೂ ಇದು ಗೊತ್ತು.

ಹೊಸಬ_ಹಾಸನ:
ಕ್ಷಮಿಸಿ, ಮಧ್ಯೆ ಬರುತ್ತಿದ್ದೇನೆ. ನಿನ್ನೆ ಪ್ರೋ ಹಾಕಿದೆ, ಸರಿಯಾಗಿತ್ತು. ಇವತ್ತು ಕವಡೆರಾಯರ ಆಟ ಕಾಪಿ ಮಾಡಿದೆ. ಮೆನುವಿನಲ್ಲಿ "ಕರಪ್ಟೆಡ್ ಡೇಟಾ" ಅಂತ ಬರುತ್ತಿದೆ. ಫೈಲ್ ಹಾಳಾಗಿದೆಯಾ?

ಹಳೇ_ಸಾವಿರ:
ಫೈಲ್ ಸರಿ ಇದೆ. ರಾತ್ರಿ ಮಷೀನ್ ಪೂರ್ತಿ ಆಫ್ ಮಾಡಿರುತ್ತೀರಿ, ಅಲ್ಲಿಗೆ ಕಸ್ಟಮ್ ಫರ್ಮ್‌ವೇರ್ ಹೋಯಿತು. ಸಹಿ ಇಲ್ಲದ ಆಟ ಸೋನಿಯ ಫರ್ಮ್‌ವೇರಿಗೆ ಕರಪ್ಟೆಡ್ ಆಗಿಯೇ ಕಾಣುತ್ತದೆ. ನೋಡಿದಿರಾ ಕವಡೆರಾಯರೇ? ನಿಮ್ಮ ತಾತ್ಕಾಲಿಕದ ಕತೆ ಇದು. ಹೊಸಬರು ಒಂದೇ ದಿನದಲ್ಲಿ ದಾರಿ ತಪ್ಪಿದರು. ಇನ್ಫಿನಿಟಿ ಹಾಕಿಸಿ.

ಕವಡೆರಾಯ:
ಇನ್ಫಿನಿಟಿ ಬೇಡ. ಹೊಸಬರೇ, ಗೇಮ್ ಮೆನುವಿನಲ್ಲಿ ಫಾಸ್ಟ್ ರಿಕವರಿ ಅಂತ ಇರುತ್ತದೆ, ಅದನ್ನು ಒಮ್ಮೆ ಓಡಿಸಿ. ಇನ್ನು ಮುಂದೆ ಪವರ್ ಸ್ವಿಚ್ಚನ್ನು ಒಮ್ಮೆ ಮೇಲೆ ತಳ್ಳಿ ಬಿಡಿ, ಹಿಡಿದುಕೊಳ್ಳಬೇಡಿ. ಆಗ ಮಷೀನ್ ಬರೀ ನಿದ್ದೆಗೆ ಹೋಗುತ್ತದೆ, ಕಸ್ಟಮ್ ಫರ್ಮ್‌ವೇರ್ ಹಾಗೇ ಉಳಿಯುತ್ತದೆ. ಫೋಲ್ಡರ್ ಕೂಡ ನೋಡಿ. ಜಿಪ್ ಬಿಚ್ಚಿದಾಗ ಚೌಕಾಬಾರ ಒಳಗೆ ಇನ್ನೊಂದು ಚೌಕಾಬಾರ ಆದರೆ ಮೆನುವಿನಲ್ಲಿ ಸರಿಯಾಗಿ ಬರಲ್ಲ. ಆಟ ಶುರು ಮಾಡುವ ಇಬೂಟ್ ಫೈಲ್ ಮೊದಲ ಫೋಲ್ಡರಿನಲ್ಲೇ ಇರಬೇಕು.

ಮಂಡ್ಯ_ಮೈಕ್ರೋ:
ಯಾರೂ ಕಾರ್ಡ್ ಬಗ್ಗೆ ಕೇಳಲೇ ಇಲ್ಲ. ಈಗ ಅಸಲಿ ಮೆಮೊರಿ ಸ್ಟಿಕ್ ಪ್ರೋ ಡ್ಯುಯೊ ಸಿಗೋದು ಕಷ್ಟ, ನಕಲಿಗಳೇ ಜಾಸ್ತಿ. ಮೈಕ್ರೋ ಎಸ್‌ಡಿ ಅಡಾಪ್ಟರ್ ಹಾಕಿ, ಪಿಎಸ್‌ಪಿಯಲ್ಲೇ ಫಾರ್ಮ್ಯಾಟ್ ಮಾಡಿ. ಕರಪ್ಟೆಡ್ ಅಂದರೆ ಶೇಕಡಾ ನೂರು ಕಾರ್ಡೇ.

ಹಳೇ_ಸಾವಿರ:
ಕಾರ್ಡ್ ಅಲ್ಲ ಅಂತ ಈಗಷ್ಟೇ ಹೇಳಿದೆ. ಓದಿ ಬರೆಯಿರಿ.

ದೋಹಾ_ವಿನಯ್:
ವೀಟಾದಲ್ಲಿ ಈ ತೊಂದರೆಯೇ ಇಲ್ಲ ಅಂತ ನಾನು ಮೊದಲೇ ಹೇಳಿದೆ.

ಕವಡೆರಾಯ:
ವೀಟಾ ಕಾರ್ಡಿನ ಬೆಲೆ ನೋಡಿದ್ದೀರಾ? ಸೋನಿ ಅದಕ್ಕೇ ಅಂತ ಬೇರೆ ಕಾರ್ಡ್ ಮಾಡಿತು. ನಮ್ಮ ಮನೆಯ ಡ್ರಾಯರಿನಲ್ಲಿ ಇರೋದು ಪಿಎಸ್‌ಪಿ.

ದೋಹಾ_ವಿನಯ್:
ವೀಟಾಗೆ ಮೈಕ್ರೋ ಎಸ್‌ಡಿ ಹಾಕೋಕೆ ಎಸ್‌ಡಿ ಟು ವೀಟಾ ಅಡಾಪ್ಟರ್ ಅಂತ ಒಂದಿದೆ, ಹುಡುಕಿ ನೋಡಿ. ಗೊತ್ತಿಲ್ಲದೆ ಬೆಲೆ ಮಾತಾಡಬೇಡಿ.

ನೇರನುಡಿ:
ಹೆಸರು, ವಿಳಾಸದ ಪಟ್ಟಿಯ ಬಗ್ಗೆ ಕವಡೆರಾಯರು ಇನ್ನೂ ಉತ್ತರ ಕೊಟ್ಟಿಲ್ಲ. ಈಗ ಹಾಸನದವರಿಗೆ ಹೆಜ್ಜೆ ಹೆಜ್ಜೆಯಾಗಿ ಹೇಳಿಕೊಟ್ಟದ್ದೂ ಆಯಿತು.

ಕವಡೆರಾಯ:
ನಾನು ಆಟ ಬರೆದೆ, ಸೋರ್ಸ್ ಸಮೇತ ಕೊಟ್ಟಿದ್ದೇನೆ. ನಿಮ್ಮ ಪ್ರಶ್ನೆ ಬೀಗದ ಬಗ್ಗೆ. 2010ರ ಡಿಸೆಂಬರ್‌ನಲ್ಲಿ ಸೋನಿಯ ಇನ್ನೊಂದು ಗೇಮ್ ಮಷೀನ್ ಪಿಎಸ್ 3ರ ಸಹಿ ಮಾಡುವ ವಿಧಾನದ ತಪ್ಪು ಬಯಲಾಯಿತು, ಅದರ ಬೆನ್ನಿಗೇ ಸಹಿ ಹಾಕಲು ಬೇಕಾದ ಪಿಎಸ್‌ಪಿಯ ಗುಪ್ತ ಕೀಗಳೂ ಹೊರಬಂದವು. 2011ರಿಂದ ಹೋಂಬ್ರೂವಿಗೆ ಸಹಿ ಹಾಕಿ ಸೋನಿಯ ಫರ್ಮ್‌ವೇರ್ ಮೇಲೇ ಓಡಿಸಬಹುದು, ಕಸ್ಟಮ್ ಫರ್ಮ್‌ವೇರೇ ಬೇಡ. ಸಹಿ ಹಾಕಿದ ಇಬೂಟನ್ನೂ ಇವತ್ತೇ ಸೇರಿಸುತ್ತೇನೆ. ಆಗ ಏನು ಹೇಳುತ್ತೀರಿ?

ನೇರನುಡಿ:
ಹೊರಬಂದ ಕೀ ಬಳಸಿ ಸಹಿ ಹಾಕುವುದು ಬೀಗ ಮುರಿಯುವುದಕ್ಕಿಂತ ದೊಡ್ಡ ತಪ್ಪು ಅಂತ ಹೇಳುತ್ತೇನೆ.

ಹಳೇ_ಸಾವಿರ:
ಕಸ್ಟಮ್ ಫರ್ಮ್‌ವೇರೇ ಬೇಡ ಅಂತೀರಾ? ಹಾಗಾದರೆ ಮೊದಲ ಪೋಸ್ಟಿನಲ್ಲಿ ಪ್ರೋ ಹಾಕಿ ಅಂದಿದ್ದು ಯಾಕೆ? ಸಹಿ ಹಾಕಿದ್ದು ಮಷೀನಿನ ಪೂರ್ತಿ ಹಿಡಿತ ಕೊಡುವ ಕರ್ನಲ್ ಮೋಡ್‌ನಲ್ಲಿ ಓಡಲ್ಲ, ಸೀಮಿತ ಹಿಡಿತದ ಯೂಸರ್ ಮೋಡ್ ಅಷ್ಟೇ. ಚೌಕಾಬಾರಕ್ಕೆ ಸಾಕಾಗಬಹುದು, ಬೇರೆಯದಕ್ಕೆ ಪರ್ಮನೆಂಟೇ ಗತಿ.

ಹೊಸಬ_ಹಾಸನ:
ಫಾಸ್ಟ್ ರಿಕವರಿ ಓಡಿಸಿದೆ. ಆಟ ತೆರೆಯಿತು! ಕನ್ನಡ ಅಕ್ಷರ ಪಿಎಸ್‌ಪಿ ಪರದೆ ಮೇಲೆ ನೋಡಿ ತುಂಬಾ ಖುಷಿಯಾಯಿತು, ಅಮ್ಮನೂ ಕೂತು ಆಡಿದರು. ಒಂದು ಪ್ರಶ್ನೆ. ಬಾರ ಬಿದ್ದರೆ ಇನ್ನೊಂದು ಸಲ ಕವಡೆ ಹಾಕೋಕೆ ಬಿಡುತ್ತಿಲ್ಲ, ನಮ್ಮ ಕಡೆ ಬಿಡುತ್ತೇವೆ.

ಕವಡೆರಾಯ:
ಬಿಡಬೇಕು, ಅದು ನಿಯಮ. ಲುವಾ ಫೈಲ್ ನೋಡುತ್ತೇನೆ. ನೀವು ಆಡಿದ್ದು ತಾತ್ಕಾಲಿಕದಲ್ಲೇ ಅನ್ನೋದನ್ನು ಹಳೇ_ಸಾವಿರ ಅವರು ಗಮನಿಸಲಿ.

ಹಳೇ_ಸಾವಿರ:
ರಿಕವರಿ ಓಡಿಸಿದ ಮೇಲೆ ಆಡಿದ್ದು ಅನ್ನೋದನ್ನೂ ಗಮನಿಸಿದ್ದೇನೆ. ಹೊಸಬರೇ, ಬ್ಯಾಟರಿ ಸ್ವಲ್ಪ ಉಬ್ಬಿದೆಯಾ ನೋಡಿ, ಉಬ್ಬಿದ್ದರೆ ಇವತ್ತೇ ತೆಗೆದಿಡಿ. ಉಬ್ಬಿದ ಬ್ಯಾಟರಿ ಹಾಕಿಕೊಂಡು ಯಾವ ಫರ್ಮ್‌ವೇರ್ ಕೆಲಸಕ್ಕೂ ಕೈ ಹಾಕಬೇಡಿ. ಬ್ಯಾಟರಿ ಸರಿ ಇದ್ದರೆ ಮಾತ್ರ ಆ ಕೆಲಸ, ಅದನ್ನೂ ಚಾರ್ಜರ್ ಸಿಕ್ಕಿಸಿ ಮಾಡಿ.