ಕೊರೊನಾ ಕಲಿಸಿದ್ದರಲ್ಲಿ ಇವತ್ತಿಗೂ ಉಳಿದದ್ದು ಏನು? ಒಂದಾದರೂ ತೋರಿಸಿ

ಉಣಕಲ್ ವಾಕರ್ (ಹುಬ್ಬಳ್ಳಿ):
ಜಗಳಕ್ಕೆಂದೇ ಈ ಪ್ರಶ್ನೆ ಹಾಕುತ್ತಿದ್ದೇನೆ. 2020ರಲ್ಲಿ ಮದುವೆಗೆ 50 ಜನ ಅಂತ ಸರ್ಕಾರ ಮಿತಿ ಹಾಕಿತ್ತು. ಆಗ ಎಲ್ಲರ ಬಾಯಲ್ಲೂ ಒಂದೇ ಮಾತು, "ಇನ್ನು ಮುಂದೆ ಮದುವೆ ಅಂದ್ರೆ ಹೀಗೇ, ಸರಳ". ಈಗ ಗೋಕುಲ ರಸ್ತೆಯ ಯಾವುದೇ ಕಲ್ಯಾಣ ಮಂಟಪಕ್ಕೆ ಹೋಗಿ ನೋಡಿ. ಗಾಡಿ ನಿಲ್ಲಿಸಲು ಜಾಗ ಇಲ್ಲ. ಉಣ್ಣುವವನ ಬೆನ್ನ ಹಿಂದೆ ನಿಂತು ಕುರ್ಚಿ ಕಾಯುವ ಪದ್ಧತಿ ವಾಪಸ್ ಬಂದಿದೆ. ಕೈ ತೊಳೆಯುವ ಜಾಗದಲ್ಲಿ ನೀರಿದೆ, ಸಾಬೂನು ಇಲ್ಲ. ಹಾಗಾಗಿ ನನ್ನ ವಾದ: ಕೊರೊನಾ ನಮಗೆ ಏನೂ ಕಲಿಸಲಿಲ್ಲ. ಕಲಿಸಿದೆ ಅನ್ನುವವರು ಒಂದು ಉದಾಹರಣೆ ಕೊಡಿ. ಷರತ್ತು ಒಂದೇ, ಅದನ್ನು ಈಗಲೂ ಮಾಡುತ್ತಿರಬೇಕು. ಸಾವು ನೋವಿನ ಮಾತು ಬೇರೆ, ಅದನ್ನು ಈ ತಮಾಷೆಯೊಳಗೆ ಎಳೆಯುವುದು ಬೇಡ.

ಸಪ್ತಾಪುರ ರೂಮ್ ಪಾರ್ಟಿ (ಧಾರವಾಡ):
ನನ್ನದು ರೊಟ್ಟಿ. ಪರೀಕ್ಷೆಗೆ ಓದಲು ಬಂದು ಸಪ್ತಾಪುರದಲ್ಲಿ ರೂಮ್ ಮಾಡಿಕೊಂಡಿದ್ದೆ. ಮಾರ್ಚ್ 24ರ ರಾತ್ರಿ ಲಾಕ್‌ಡೌನ್ ಘೋಷಣೆ ಆಯಿತು, ಮರುದಿನ ಖಾನಾವಳಿ ಬಂದ್. ಊರಿಗೆ ಹೋಗಲು ಬಸ್ ಇಲ್ಲ. ಮನೆ ಮಾಲೀಕರ ತಾಯಿ ಬಾಗಿಲ ಹೊರಗೇ ಕುರ್ಚಿ ಹಾಕಿ ಕುಳಿತು ಪಾಠ ಮಾಡಿದರು. ಜೋಳದ ಹಿಟ್ಟಿನಲ್ಲಿ ಗೋಧಿಯಂಥ ಜಿಗುಟು ಇಲ್ಲ, ಕುದಿಯುವ ನೀರು ಹಾಕಿ ನಾದಿದರೆ ಮಾತ್ರ ಹಿಟ್ಟು ಹಿಡಿದುಕೊಳ್ಳುತ್ತದೆ ಅನ್ನುವುದು ಆಗ ತಿಳಿಯಿತು. ಮೊದಲು ಬಡಿದವು ರಾಜ್ಯದ ನಕ್ಷೆಯ ಹಾಗೆ ಬಂದವು, ಬೀದರ್ ಒಂದು ಕಡೆ ಎಳೆದುಕೊಂಡು. ಈಗ ದುಂಡಗೆ ಬರುತ್ತವೆ. ಈಗಲೂ ಬಡಿಯುತ್ತೇನೆ. ಕೆಪಿಎಸ್‌ಸಿ ಮಾತ್ರ ಇನ್ನೂ ಆಗಿಲ್ಲ.

ಸಾಧನಕೇರಿ ವೈನಿ:
ತಮ್ಮಾ, ನಿನ್ನದು ಒಪ್ಪಿದೆ, ಯಾಕೆಂದರೆ ಬಡಿಯದಿದ್ದರೆ ನಿನಗೆ ಉಪವಾಸ. ಮದುವೆಯಾದ ಗಂಡಸರ ಕತೆ ಬೇರೆ. ನಮ್ಮ ಮನೆಯವರು ಆ ಏಪ್ರಿಲ್ ಪೂರ್ತಿ ಸಂಜೆ ಗಿರ್ಮಿಟ್ ಮಾಡಿದರು. ಫೋಟೋ ತೆಗೆದರು, ಬಂಧುಗಳಿಗೆಲ್ಲ ಕಳಿಸಿದರು, "ಅಡುಗೆ ಅಂದ್ರೆ ಇಷ್ಟೇನಾ" ಅಂದರು. ಈಗ ಮಾಡಿ ಅಂದರೆ ಚುರುಮುರಿ ಡಬ್ಬಿ ಎಲ್ಲಿದೆ ಅಂತ ನನ್ನನ್ನೇ ಕೇಳುತ್ತಾರೆ. ಡಬ್ಬಿ ಅಲ್ಲೇ ಇದೆ, ಆಗ ಎಲ್ಲಿತ್ತೋ ಅಲ್ಲೇ.

ಮೆಣಸಿನಕಾಯಿ ಚೀಲ (ಬ್ಯಾಡಗಿ):
ಮಾಸ್ಕ್ ಕಲಿಸಿತು ಅಂತ ಯಾರಾದರೂ ಬರೆಯುವ ಮೊದಲೇ ಹೇಳಿಬಿಡುತ್ತೇನೆ. ನಮ್ಮ ಮಾರುಕಟ್ಟೆಯಲ್ಲಿ ಹಮಾಲರು ಮೂಗಿಗೆ ಬಟ್ಟೆ ಕಟ್ಟುವುದು ಕೊರೊನಾಕ್ಕಿಂತ ಹಳೆಯದು. ಬ್ಯಾಡಗಿ ಕಾಯಿಗೆ ಬಣ್ಣ ಜಾಸ್ತಿ, ಖಾರ ಕಡಿಮೆ, ನಿಜ. ಆದರೆ ಚೀಲ ಸುರಿದಾಗ ಏಳುವ ಘಾಟು ಕೇಳಬೇಡಿ. ನಮ್ಮಲ್ಲಿ ಕೆಮ್ಮಿದವನನ್ನು, ಸೀನಿದವನನ್ನು ಯಾರೂ ತಿರುಗಿ ನೋಡುತ್ತಿರಲಿಲ್ಲ. 2020ರಲ್ಲಿ ಮೊದಲ ಸಲ ನೋಡಿದರು. ಪೇಟೆ ಮತ್ತೆ ಶುರುವಾದಾಗ ಒಬ್ಬೊಬ್ಬರೂ ಸೀನಿದ ಮೇಲೆ "ಇದು ಕಾಯಿದು, ಕಾಯಿದು" ಅಂತ ಹೇಳಿಕೊಳ್ಳಬೇಕಾಯಿತು. ಆ ಚಟ ಕೆಲವರಿಗೆ ಇನ್ನೂ ಇದೆ. ಕಲಿತದ್ದು ಅಂತ ಲೆಕ್ಕ ಹಿಡಿಯುತ್ತೀರಾ?

ಉಣಕಲ್ ವಾಕರ್:
ಇಲ್ಲ. ಆದರೆ ನಕ್ಕಿದ್ದಕ್ಕೆ ಅರ್ಧ ಅಂಕ.

ಓಣಿ ಹಿರಿಯ (ಹಳೇ ಹುಬ್ಬಳ್ಳಿ):
ಎಲ್ಲರೂ ಮರೆಯುತ್ತಿದ್ದೀರಿ. ಹೊರಗಿಂದ ಬಂದರೆ ಕೈಕಾಲು ತೊಳೆ, ಚಪ್ಪಲಿ ಹೊರಗೆ ಬಿಡು, ಕೈ ಕುಲುಕಬೇಡ, ನಮಸ್ಕಾರ ಮಾಡು. ಇದನ್ನೆಲ್ಲ ನಮ್ಮ ಹಿರಿಯರು ಮಡಿ ಅಂತ ಯಾವತ್ತೋ ಹೇಳಿದ್ದರು. ಕೊರೊನಾ ಹೊಸದಾಗಿ ಕಲಿಸಿದ್ದೇನಿಲ್ಲ, ನೆನಪು ಮಾಡಿಕೊಟ್ಟಿತು ಅಷ್ಟೇ.

ಲ್ಯಾಬ್ ಅಕ್ಕ (ಹುಬ್ಬಳ್ಳಿ):
ಕಾಕಾ, ಕಾಲು ತೊಳೆಯುವುದಕ್ಕೆ ನನ್ನ ತಕರಾರಿಲ್ಲ. ಮಡಿಗೆ ಇದೆ. ಯಾರನ್ನು ಮುಟ್ಟಬಾರದು ಅನ್ನುವುದು ಮಡಿಯಲ್ಲಿ ಹುಟ್ಟಿನಿಂದ ತೀರ್ಮಾನವಾಗುತ್ತಿತ್ತು, ಯಾರಿಗೆ ಜ್ವರ ಇದೆ ಅನ್ನುವುದರಿಂದ ಅಲ್ಲ. ವೈರಸ್ ಮನೆತನ ಕೇಳಲಿಲ್ಲ. ಹಿರಿಯರಿಂದ ಕಲಿಯುವುದೇ ಆದರೆ ಬೇರೆ ಪಾಠ ಇದೆ. 1898ರಲ್ಲಿ ಪ್ಲೇಗ್ ಬಂದಾಗ ಇದೇ ಹುಬ್ಬಳ್ಳಿಯಲ್ಲಿ ಸಾವಿರಾರು ಜನ ಹಾಫ್ಕಿನ್ ಲಸಿಕೆ ಚುಚ್ಚಿಸಿಕೊಂಡರು. ಆ ಲಸಿಕೆಯನ್ನು ಹಾಫ್ಕಿನ್ ಮುಂಬೈಯಲ್ಲಿ ತನ್ನ ಮೈಮೇಲೇ ಪರೀಕ್ಷೆ ಮಾಡಿಕೊಂಡದ್ದು 1897ರ ಜನವರಿಯಲ್ಲಿ. ಅಂದರೆ ಹೆಚ್ಚು ಕಡಿಮೆ ವರ್ಷದ ಹೊಸ ಔಷಧಿಗೆ ನಮ್ಮ ಮುತ್ತಜ್ಜಂದಿರು ತೋಳು ಕೊಟ್ಟಿದ್ದಾರೆ. 2021ರಲ್ಲಿ ಎರಡನೇ ಡೋಸ್‌ಗೆ ನಾನು ಓಣಿಯವರ ಹಿಂದೆ ಎಷ್ಟು ಅಲೆದೆ ಅಂತ ನಿಮಗೇ ಗೊತ್ತು.

ಇನ್ನು ಸಾಬೂನು. ಈ ವೈರಸ್ಸಿನ ಹೊರ ಪದರ ಕೊಬ್ಬಿನದು, ಸಾಬೂನು ಅದನ್ನು ಒಡೆಯುತ್ತದೆ. 20 ಸೆಕೆಂಡ್ ಅಂದದ್ದು ಅದಕ್ಕೇ. ಆದರೆ ನಮ್ಮ ಓಣಿಯಲ್ಲಿ ಕೊತ್ತಂಬರಿಗೂ ಸಾಬೂನು ಹಾಕಿದವರಿದ್ದರು. ಹಾಲಿನ ಪಾಕೀಟು ಬಿಸಿಲಿಗೆ ಇಟ್ಟು ಹಾಲು ಒಡೆಸಿಕೊಂಡವರೂ ಇದ್ದರು. ಮೊದಲ ದಿನಗಳಲ್ಲಿ ಮುಟ್ಟಿದ ವಸ್ತುಗಳ ಬಗ್ಗೆಯೇ ಭಯ ಜಾಸ್ತಿ ಇತ್ತು. 2021ರ ಹೊತ್ತಿಗೆ ವಿಶ್ವ ಆರೋಗ್ಯ ಸಂಸ್ಥೆಯೂ ಗಾಳಿಯಲ್ಲಿ ಹರಡುತ್ತದೆ, ಗಾಳಿಯಾಡದ ಕೋಣೆಯಲ್ಲಿ ಜನ ಸೇರಿದರೆ ಅಪಾಯ ಅಂತ ಬರೆಯಿತು. ಅಂದರೆ ತೊಳೆದದ್ದಕ್ಕಿಂತ ಕಿಟಕಿ ತೆಗೆದದ್ದು ಜಾಸ್ತಿ ಕೆಲಸ ಮಾಡಿತು. ಅದನ್ನು ಮಾತ್ರ ಯಾರೂ ಕಲಿಯಲಿಲ್ಲ. ನಾನು ಕಿಟಕಿ ತೆಗೆಯುತ್ತೇನೆ, ನಮ್ಮತ್ತೆ ಸೊಳ್ಳೆ ಅಂತ ಮುಚ್ಚುತ್ತಾರೆ.

ಓಣಿ ಹಿರಿಯ:
ಸೊಳ್ಳೆ ವಿಷಯದಲ್ಲಿ ನಿಮ್ಮ ಅತ್ತೆ ಪರ ನಾನು. ಡೆಂಗಿ ಸಣ್ಣದಲ್ಲ. ಮಡಿ ಬಗ್ಗೆ ಇನ್ನೊಮ್ಮೆ ಮಾತಾಡೋಣ.

ಲ್ಯಾಬ್ ಅಕ್ಕ:
ಕಿಟಕಿಗೆ ಜಾಲರಿ ಹಾಕಿಸಿದರೆ ಇಬ್ಬರೂ ಗೆದ್ದೆವು ಕಾಕಾ.

ಗದಗ ಮಾಸ್ತರ:
ಶಾಲೆಯ ಲೆಕ್ಕ ಹೇಳುತ್ತೇನೆ. ಜುಲೈ 2020ರಲ್ಲಿ ಚಂದನ ಟಿವಿಯಲ್ಲಿ ಸೇತುಬಂಧ ಪಾಠ ಶುರುವಾಯಿತು. ಪಾಠ ಬರುವ ಹೊತ್ತಿಗೆ ಕರೆಂಟ್ ಹೋಗುವುದು ಹೇಗೋ ಹೊಂದಿಕೊಂಡಿತ್ತು. ಆಮೇಲೆ ವಿದ್ಯಾಗಮ ಬಂತು. ಮಕ್ಕಳಿದ್ದಲ್ಲಿಗೇ ನಾವು ಹೋದೆವು. ಗುಡಿಯ ಅಂಗಳ, ಬೇವಿನ ಮರದ ಕಟ್ಟೆ, ಯಾರದೋ ಮನೆಯ ಪಡಸಾಲೆ. ನಿಜ ಹೇಳಬೇಕೆಂದರೆ ನನ್ನ ನೌಕರಿಯಲ್ಲೇ ಚಂದದ ಪಾಠ ಅವು. ಯಾವ ಹುಡುಗನ ಮನೆಯಲ್ಲಿ ಓದಲು ಜಾಗ ಇದೆ, ಯಾರ ಮನೆಯಲ್ಲಿ ಫೋನ್ ಒಂದೇ, ಅದೂ ಅಪ್ಪನ ಜೊತೆ ಹೊಲಕ್ಕೆ ಹೋಗುತ್ತದೆ ಅನ್ನುವುದು ಅಲ್ಲಿಯವರೆಗೆ ನನಗೆ ಗೊತ್ತಿರಲಿಲ್ಲ. ಅಕ್ಟೋಬರ್‌ನಲ್ಲಿ ಸೋಂಕಿನ ಭಯಕ್ಕೆ ನಿಲ್ಲಿಸಿದರು. ಶಾಲೆ ತೆರೆದ ಮೇಲೆ ಎಲ್ಲರೂ ನಾಲ್ಕು ಗೋಡೆಗೆ ವಾಪಸ್. ಇವತ್ತಿಗೆ ಉಳಿದದ್ದು ಏನು ಗೊತ್ತಾ? ಪಾಲಕರ ವಾಟ್ಸಾಪ್ ಗ್ರೂಪ್! ರಾತ್ರಿ ಹತ್ತಕ್ಕೆ "ಸರ್ ನಾಳೆ ಸೂಟಿ ಐತೇನು?" ಮಳೆ ಹನಿ ಬಿದ್ದರೆ ಸಾಕು, ಕೇಳುತ್ತಾರೆ.

ದುರ್ಗದ ಬೈಲ್ ಬಾಯ್:
ಎಲ್ಲರೂ ದೊಡ್ಡ ದೊಡ್ಡದು ಹುಡುಕುತ್ತಿದ್ದೀರಿ. ಕಾಯಿಪಲ್ಲೆ ಗಾಡಿಯ ಮೇಲೆ ನೇತಾಡುವ ಸ್ಕ್ಯಾನರ್ ಕಾಣುವುದಿಲ್ವಾ? ಹತ್ತು ರೂಪಾಯಿ ಮೆಂತೆಗೂ ಫೋನ್ ಪೇ.

ಉಣಕಲ್ ವಾಕರ್:
ಅದು ಕೊರೊನಾದ ಲೆಕ್ಕಕ್ಕೆ ಬರುವುದಿಲ್ಲ. ಯುಪಿಐ ಬಂದದ್ದೂ 2016ರಲ್ಲಿ, ನೋಟು ರದ್ದಾದದ್ದೂ 2016ರಲ್ಲಿ.

ದುರ್ಗದ ಬೈಲ್ ಬಾಯ್:
ಬಂದದ್ದು ಆಗ, ನಮ್ಮವ್ವ ಕಲಿತದ್ದು 2020ರಲ್ಲಿ. ನೋಟು ಮುಟ್ಟಲು ಹೆದರಿ ಕಲಿತಳು. ನೋಟು ರದ್ದಾದಾಗ ಸಾಲಿನಲ್ಲಿ ನಿಂತಳೇ ಹೊರತು ಫೋನ್ ಮುಟ್ಟಲಿಲ್ಲ. ಈಗ ನನಗೆ ಪಾಕೆಟ್ ಮನಿ ಕಳಿಸುವುದೂ ಅದರಲ್ಲೇ, ಎಲ್ಲಿ ಖರ್ಚು ಮಾಡಿದೆ ಅಂತ ಕೇಳುವುದೂ ಅದನ್ನು ನೋಡಿಯೇ. ಕಲಿಯದಿದ್ದರೆ ಒಳ್ಳೆಯದಿತ್ತು.

ಸಾಧನಕೇರಿ ವೈನಿ:
ವಾಕರ್ ಅವರೇ, ನಿಮ್ಮ ಮದುವೆಗೇ ಬರುತ್ತೇನೆ. ಪತ್ರಿಕೆ ಹೇಗೆ ಬಂತು? ಮೊದಲು ಮನೆಗೆ ಬಂದು, ಕುಂಕುಮ ಕೊಟ್ಟು, ಚಹಾ ಕುಡಿದು ಕರೆಯದಿದ್ದರೆ ನಾವು ಹೋಗುತ್ತಿರಲಿಲ್ಲ. ಅದಕ್ಕೆ ವರ್ಷಗಟ್ಟಲೆ ಮಾತು ಬಿಟ್ಟವರಿದ್ದಾರೆ. ಈಗ ವಾಟ್ಸಾಪ್‌ನಲ್ಲಿ ಕಳಿಸಿ "ಇದನ್ನೇ ಮನೆಗೆ ಬಂದು ಕರೆದ ಹಾಗೆ ತಿಳಿಯಿರಿ" ಅಂದರೆ ನಡೆಯುತ್ತದೆ. ನೀವೂ ಹಾಗೇ ಹೋದಿರಿ ಅಂತ ನನ್ನ ಅನುಮಾನ. ಮರೆತ ಪಾಠ ಎಣಿಸಿದಿರಿ, ಇದನ್ನು ಬಿಟ್ಟಿರಿ.

ಉಣಕಲ್ ವಾಕರ್:
ಹಾಗೇ ಹೋದದ್ದು. ಆದರೆ ವೈನಿ, ಇದು ಪಾಠವೋ ಸೋಮಾರಿತನವೋ?

ಸಾಧನಕೇರಿ ವೈನಿ:
ಬಿಸಿಲಲ್ಲಿ ಸೀರೆ ಉಟ್ಟು ಊರು ತುಂಬ ಪತ್ರಿಕೆ ಹಂಚಿದವಳನ್ನು ಕೇಳಿ. ಪಾಠವೇ.

ಮೆಣಸಿನಕಾಯಿ ಚೀಲ:
ಮಾವಿನಹಣ್ಣಿನ ಮಾತು ಯಾರೂ ಎತ್ತಲಿಲ್ಲವಲ್ಲ? ಧಾರವಾಡದ ಕಡೆ ಆಪೂಸ್ ಬೆಳೆಯುವವರು ಆ ವರ್ಷ ಪೇಟೆ ನಡೆಯದೆ ಪೆಟ್ಟಿಗೆ ಹೊತ್ತು ಮನೆ ಮನೆಗೆ ಬಂದರು ಅಂತ ಕೇಳಿದ್ದೆ. ಆ ವ್ಯಾಪಾರ ಈಗಲೂ ಇದೆಯಾ?

ಸಪ್ತಾಪುರ ರೂಮ್ ಪಾರ್ಟಿ:
ನಮ್ಮ ಓಣಿಗೆ ಈಗಲೂ ಬರುತ್ತಾರೆ. ಏಪ್ರಿಲ್ ಕೊನೆಗೆ ಕೆಲಗೇರಿ ಕಡೆಯ ಒಬ್ಬ ರೈತರು ಗ್ರೂಪಿನಲ್ಲಿ ಹಣ್ಣಿನ ಫೋಟೋ ಹಾಕುತ್ತಾರೆ, ನಾವು ಡಜನ್ ಹೇಳುತ್ತೇವೆ. ನಡುವೆ ದಲಾಲಿ ಇಲ್ಲ. ಹಣ್ಣು ಕೆಟ್ಟಿದ್ದರೆ ಮುಂದಿನ ಸಲ ಎರಡು ಜಾಸ್ತಿ.

ಉಣಕಲ್ ವಾಕರ್:
ಈಗಲೂ ನಡೆಯುತ್ತಿದ್ದರೆ ಇದು ಷರತ್ತಿಗೆ ಸರಿ. ಹುಬ್ಬಳ್ಳಿಗೆ ಕಳಿಸುತ್ತಾರಾ?

ಸಪ್ತಾಪುರ ರೂಮ್ ಪಾರ್ಟಿ:
ಐದು ಡಜನ್ ಮೇಲೆ ಆದರೆ ಕಳಿಸುತ್ತಾರೆ. ನಾಲ್ಕು ಮನೆ ಸೇರಿಸಿಕೊಳ್ಳಿ. ನಂಬರ್ ಇಲ್ಲಿ ಹಾಕುವುದಿಲ್ಲ, ಕಳೆದ ವರ್ಷ ಹಾಕಿ ಅವರಿಗೆ ರಾತ್ರಿ ನಿದ್ದೆ ಇರಲಿಲ್ಲ. ಖಾಸಗಿಯಾಗಿ ಕೇಳಿ.

ಲ್ಯಾಬ್ ಅಕ್ಕ:
ನನ್ನದು ಎರಡು ಡಜನ್ ಬರೆದುಕೊಳ್ಳಿ. ಮತ್ತೆ ಹಣ್ಣಿಗೆ ಸಾಬೂನು ಹಾಕಬೇಡಿ, ಸುಮ್ನೆ ನೀರಲ್ಲಿ ತೊಳೆದರೆ ಸಾಕು.