ಕಾಲ್ಪನಿಕ ಸೀಮೆ: ಹೆಜ್ಜೆಗೊಂದು ಸಾವು ಇಟ್ಟಿದ್ದೇನೆ, ಓದುವವರಿಗೆ ಭಯವೇ ಆಗ್ತಿಲ್ಲ

ಇರುಳುನಕ್ಷೆ:
ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಅರ್ಧ ಕತೆ ನಡೆಯುವುದು ಕೊರಕಲು ಸೀಮೆ ಅನ್ನೋ ಜಾಗದಲ್ಲಿ. ಸಮುದ್ರಮಟ್ಟಕ್ಕಿಂತ ಕೆಳಗಿರುವ ಉಪ್ಪಿನ ಬಯಲು. ನಡುವೆ ಹಳದಿ, ಹಸಿರು ಆಸಿಡ್ ಕೊಳಗಳು. ಸುತ್ತಲೂ ಸೂಜಿಮೊನೆಯ ಸುಣ್ಣಕಲ್ಲು, ಕಾಡಿನಷ್ಟು ಒತ್ತಾಗಿ. ಇದಲ್ಲದೆ ಆಳನ್ನೇ ನುಂಗುವ ಮರಳು, ಮಾಂಸ ತಿನ್ನುವ ಬಳ್ಳಿ, ಗಾಜಿನ ಮಳೆ, ರಾತ್ರಿ ಓಡಾಡುವ ನೆರಳುಗಳು.

ಓದಿದ ಗೆಳತಿ "ಮೂರನೇ ಅಧ್ಯಾಯಕ್ಕೇ ಬೇಜಾರಾಯ್ತು, ಇನ್ನೊಬ್ಬ ಸತ್ತ ಅಷ್ಟೇ ಅಲ್ವಾ" ಅಂದಳು. ಆಮೇಲೆ "ಇಂಥ ಕಡೆ ಜನ ಯಾಕೆ ಇದ್ದಾರೆ?" ಅಂತ ಬೇರೆ ಕೇಳಿದಳು. ನನ್ನ ಹತ್ತಿರ ಉತ್ತರ ಇಲ್ಲ. ಇನ್ನೂ ಭಯಂಕರವಾದದ್ದು ಏನಾದರೂ ಸೇರಿಸಲಾ?

ಗೊಣಗಪ್ಪ:
ಸೇರಿಸಬೇಡಿ, ತೆಗೀರಿ. ಗಾಜಿನ ಮಳೆಯಿಂದ ಶುರು ಮಾಡಿ.

ಹಾರುಬೆಕ್ಕು:
ಫ್ಯಾಂಟಸಿ ಕಣ್ರೀ, ಎಲ್ಲದಕ್ಕೂ ಕಾರಣ ಯಾಕೆ? ಯಾವನೋ ಮಂತ್ರವಾದಿ ಶಾಪ ಕೊಟ್ಟ ಅಂದ್ರೆ ಮುಗೀತು.

ಕಲ್ಲುಮಣ್ಣು:
ಶಾಪ ಇರಲಿ, ತಕರಾರಿಲ್ಲ. ಆದರೆ ಶಾಪಕ್ಕೂ ಒಂದು ನಿಯಮ ಬೇಕು. ಅಪಾಯ ಎಲ್ಲಿ, ಯಾವಾಗ ಬರುತ್ತೆ ಅಂತ ಓದುಗನಿಗೆ ಒಂಚೂರು ಗೊತ್ತಿದ್ದರೇ ಭಯ. ಗೊತ್ತಿಲ್ಲದಿದ್ದರೆ ಬರೀ ಗದ್ದಲ.

ಇರುಳುನಕ್ಷೆ, ನಿಮ್ಮ ಪಟ್ಟಿಯ ಮೊದಲ ಎರಡು ಐಟಂ ಸಾಕು. ಆಸಿಡ್ ಮತ್ತು ಸುಣ್ಣಕಲ್ಲು. ಎರಡೂ ಭೂಮಿಯ ಮೇಲೆ ನಿಜವಾಗಿಯೇ ಇವೆ, ಬೇರೆ ಬೇರೆ ಕಡೆ. ಇಥಿಯೋಪಿಯಾದ ದನಾಕಿಲ್ ತಗ್ಗು ಸಮುದ್ರಮಟ್ಟಕ್ಕಿಂತ 100 ಮೀಟರಿಗೂ ಕೆಳಗಿದೆ. ಅಲ್ಲಿನ ಡಾಲೋಲ್‌ನ ಕೆಲವು ಕೊಳಗಳ ಪಿಎಚ್ (ಹುಳಿಯ ಅಳತೆ, ಕಡಿಮೆಯಾದಷ್ಟೂ ಆಸಿಡ್ ಜೋರು) ಸೊನ್ನೆಗಿಂತಲೂ ಕಡಿಮೆ. ಸೂಜಿಕಲ್ಲು ನೋಡಬೇಕೆಂದರೆ ಮಡಗಾಸ್ಕರ್‌ನ ತ್ಸಿಂಜಿ. ಮಳೆನೀರಿನ ಅಲ್ಪಸ್ವಲ್ಪ ಹುಳಿಯೇ ಕಲ್ಲನ್ನು ಕರಗಿಸಿ ಕರಗಿಸಿ ಹಾಗೆ ಚೂಪು ಮಾಡಿದೆ.

ಈಗ ಎರಡನ್ನೂ ಒಂದೇ ಕಣಿವೆಯಲ್ಲಿ ಇಡಿ. ಆಸಿಡ್ ನೀರು ಸುಣ್ಣಕಲ್ಲಿಗೆ ತಾಗಿದ ಕಡೆ ಬುರುಬುರು ನೊರೆ. ಹೊರಗೆ ಬರೋದು ಕಾರ್ಬನ್ ಡೈಆಕ್ಸೈಡ್. ಗಾಳಿಗಿಂತ ಸುಮಾರು ಒಂದೂವರೆ ಪಟ್ಟು ಭಾರ. ಬಣ್ಣ ಇಲ್ಲ. ತಗ್ಗು ಹುಡುಕಿಕೊಂಡು ಹೋಗಿ ಕೂರುತ್ತೆ. ಹಗಲು ಗಾಳಿ ಬೀಸಿದರೆ ಚದುರುತ್ತೆ, ಗಾಳಿ ನಿಂತ ರಾತ್ರಿ ತುಂಬಿಕೊಳ್ಳುತ್ತೆ. ನಿಮ್ಮ 'ರಾತ್ರಿಯ ನೆರಳು' ಇದೇ, ಬೇರೆ ಬೇಡ. 1986ರಲ್ಲಿ ಕ್ಯಾಮರೂನಿನ ನ್ಯೋಸ್ ಕೆರೆಯ ತಳದಲ್ಲಿ ಸೇರಿಕೊಂಡಿದ್ದ ಇದೇ ಅನಿಲ ಒಂದು ರಾತ್ರಿ ಉಕ್ಕಿ, ಕಣಿವೆಗುಂಟ ಇಳಿದು, ಸುಮಾರು 1,700 ಜನರನ್ನು ಕೊಂದಿತು. ಎಷ್ಟೋ ಜನ ಮಲಗಿದ್ದಲ್ಲೇ ಹೋದರು.

ನನಗೆ ಇಷ್ಟ ಆಗೋದು ಇದರಿಂದ ಹುಟ್ಟುವ ಬದುಕು. ಅಲ್ಲಿ ಯಾರೂ ನೆಲದ ಮೇಲೆ ಮಲಗಲ್ಲ, ಎತ್ತರದ ಅಟ್ಟಣಿಗೆ ಮೇಲೇ. ಮಕ್ಕಳು ಹೆಗಲ ಮೇಲೆ, ಎಷ್ಟೇ ದೊಡ್ಡವರಾಗಲಿ. ಬಗ್ಗಿ ನಮಸ್ಕಾರ ಮಾಡುವ ಪದ್ಧತಿಯೇ ಇರಲ್ಲ, ಗಲ್ಲ ಎತ್ತಿ ಮಾತಾಡಿಸ್ತಾರೆ. ಕೈಯಿಂದ ಚಾಕು ಬಿದ್ದರೆ ಸೊಂಟದ ಕೊಕ್ಕೆಕೋಲು ಬಿಚ್ಚಿ ಎತ್ತಿಕೊಳ್ಳುತ್ತಾರೆ. ಹೊರಗಿನಿಂದ ಬಂದವನು ಕೊಕ್ಕೆಗೆ ಕಾಯದೆ ಬಗ್ಗುತ್ತಾನೆ ನೋಡಿ, ಮೂರನೇ ಅಧ್ಯಾಯ ಅಲ್ಲಿಂದ ಶುರು ಮಾಡಿ.

ಜನ ಯಾಕಿದ್ದಾರೆ ಅಂದ್ರೆ, ಉಪ್ಪು. ದನಾಕಿಲ್‌ನಲ್ಲೂ ಅಫಾರ್ ಜನ ಉಪ್ಪನ್ನು ಹಲಗೆ ಹಲಗೆಯಾಗಿ ಕಡಿದು ಒಂಟೆ ಮೇಲೆ ಸಾಗಿಸುತ್ತಾ ಬಂದಿದ್ದಾರೆ. ಇಥಿಯೋಪಿಯಾದಲ್ಲಿ ಉಪ್ಪಿನ ಗಟ್ಟಿಗಳೇ ಬಹಳ ಕಾಲ ದುಡ್ಡಾಗಿ ಓಡಿದವು. ಟಂಕಸಾಲೆಯೇ ಕಾಲ ಕೆಳಗಿದ್ದರೆ ಯಾರು ಬಿಟ್ಟು ಹೋಗ್ತಾರೆ ಹೇಳಿ?

ಇರುಳುನಕ್ಷೆ:
ಕೊಕ್ಕೆಕೋಲು ತಗೊಂಡೆ! ಅವರು ಮುಂದೆ ದೀಪ ಹಿಡಿದು ನಡೆಯಬಹುದಾ? ಆರಿದರೆ ವಾಪಸ್ ಬರೋದು.

ತೂಕಡಿಕೆ:
ದೀಪ ಕೈಯೆತ್ತರದಲ್ಲಿದ್ದರೆ ಉಪಯೋಗ ಇಲ್ಲ. ಅದು ಆರುವ ಹೊತ್ತಿಗೆ ಅನಿಲ ಮೂಗಿನ ಹತ್ತಿರ ಬಂದಿರುತ್ತೆ. ಜ್ವಾಲೆ ಆರುವ ಮೊದಲೇ ತಲೆನೋವು, ಏದುಸಿರು ಶುರುವಾಗಬಹುದು. ಕೋಲಿನ ತುದಿಗೆ ಕಟ್ಟಿ ಮೊಣಕಾಲಿಗಿಂತ ಕೆಳಗೆ ಹಿಡಿಯಲಿ. ಇಟಲಿಯ ನೇಪಲ್ಸ್ ಹತ್ತಿರ ಒಂದು ಗುಹೆ ಇದೆ, ನಾಯಿ ಗುಹೆ ಅಂತಲೇ ಹೆಸರು. ಹಿಂದೆ ಪ್ರವಾಸಿಗರಿಗೆ ತೋರಿಸಲು ನಾಯಿಯನ್ನು ಒಳಗೆ ಬಿಡುತ್ತಿದ್ದರು. ನಿಂತ ಮನುಷ್ಯನಿಗೆ ಏನೂ ಆಗುತ್ತಿರಲಿಲ್ಲ, ನಾಯಿ ಪ್ರಜ್ಞೆ ತಪ್ಪುತ್ತಿತ್ತು. ಹೇಸಿಗೆ ಕೆಲಸ. ನಿಮ್ಮ ಸೀಮೆಯಲ್ಲಿ ಕಾವಲು ನಾಯಿ ಇದ್ದರೆ ತೆಗೆದುಬಿಡಿ.

ಹಾರುಬೆಕ್ಕು:
ಸರಿ, ಶಾಪ ವಾಪಸ್ ತಗೊಂಡೆ. ಆದರೆ ವರ್ಷಪೂರ್ತಿ ಹೀಗೇ ನೊರೆ ಬರ್ತಿದ್ರೆ ಕಲ್ಲೆಲ್ಲಾ ಕರಗಿ ಹೋಗಲ್ವಾ?

ಕಲ್ಲುಮಣ್ಣು:
ಒಳ್ಳೆ ಪ್ರಶ್ನೆ. ಕೊಳದಲ್ಲಿರೋದು ಸಲ್ಫ್ಯೂರಿಕ್ ಆಸಿಡ್ ಅಂತ ಇಟ್ಟುಕೊಳ್ಳಿ. ಅದು ಸುಣ್ಣಕಲ್ಲಿಗೆ ತಾಗಿದಾಗ ಮೇಲೆ ಜಿಪ್ಸಂ ಪದರ ಕಟ್ಟುತ್ತೆ. ಪದರ ದಪ್ಪ ಆದ ಹಾಗೆ ಆಸಿಡ್ಡಿಗೆ ಕಲ್ಲು ಸಿಗಲ್ಲ, ನೊರೆ ಇಳಿಯುತ್ತೆ. ಬೇಸಿಗೆ ಪೂರ್ತಿ ಕಣಿವೆ ಹೆಚ್ಚುಕಮ್ಮಿ ಸಾಧು. ಉಪ್ಪು ಕಡಿಯುವುದು ಆಗಲೇ. ಮೊದಲ ಪ್ರವಾಹ ಬಂದು ಆ ಪದರ ಕಿತ್ತುಕೊಂಡು ಹೋದರೆ ಹೊಸ ಕಲ್ಲು ಆಸಿಡ್ಡಿಗೆ ಸಿಗುತ್ತೆ, ಒಂದೇ ಸಲ ಅನಿಲ ಏಳುತ್ತೆ. ಬೇರೆಲ್ಲಾ ಕಡೆ ಮಳೆ ಬಂತು ಅಂತ ಕುಣಿಯುತ್ತಾರೆ, ಇಲ್ಲಿ ಮೋಡ ಕಂಡರೆ ಗುದ್ದಲಿ ಬಿಸಾಕಿ ಅಟ್ಟಣಿಗೆ ಹತ್ತಬೇಕು. ಸಾಲಗಾರ ಮಾತ್ರ ಇನ್ನೊಂದು ಹಲಗೆ ಕಡಿಯೋಣ ಅಂತ ನಿಲ್ತಾನೆ.

ಇರುಳುನಕ್ಷೆ:
ನುಂಗುವ ಮರಳು, ನೆರಳು, ಗಾಜಿನ ಮಳೆ ಎಲ್ಲಾ ತೆಗೆದೆ. ಸಾಲಗಾರನಿಗೆ ಹೆಸರು ಹುಡುಕುತ್ತಿದ್ದೇನೆ. ಬಳ್ಳಿ ಮಾತ್ರ ಬಿಡಲು ಮನಸ್ಸಿಲ್ಲ.

ಗೊಣಗಪ್ಪ:
ಬಳ್ಳಿ ಇರಲಿ, ಆದರೆ ಅದು ಎಷ್ಟು ಎತ್ತರಕ್ಕೆ ಹಬ್ಬುತ್ತೆ ಅಂತ ಮೊದಲು ಹೇಳಿ. ಅಟ್ಟಣಿಗೆಗೆ ಕೈ ಹಾಕೋದಾದ್ರೆ ನಾನೂ ಓದ್ತೀನಿ.